14 ವರ್ಷ ಮುಗಿಸಿದ ಕೈದಿಯ ಬಿಡುಗಡೆಗೆ ಮನೆಯವರು ಏನು ಮಾಡಬೇಕು

ನಾನು ಗದಗ ಜಿಲ್ಲೆಯಲ್ಲಿ ಕಾನೂನು ಸೇವಾ ಪ್ರಾಧಿಕಾರದ ಸ್ವಯಂಸೇವಕಿ. ಧಾರವಾಡದ ಕೇಂದ್ರ ಕಾರಾಗೃಹದಲ್ಲಿ ಜೀವಾವಧಿ ಶಿಕ್ಷೆ ಅನುಭವಿಸುತ್ತಿರುವವರ ತಾಯಂದಿರು, ಹೆಂಡಂದಿರು ನನ್ನ ಹತ್ತಿರ ಬಂದರೆ ಮೊದಲು ಕೇಳುವುದು ಇದನ್ನೇ: "ಹದಿನಾಲ್ಕು ವರ್ಷ ಮುಗದಾವಲ್ರೀ ಅಕ್ಕಾರ, ಇನ್ನೂ ಯಾಕ ಬಿಡವಲ್ರು?"

14 ವರ್ಷ ತುಂಬಿದ ಮಾತ್ರಕ್ಕೆ ಬಾಗಿಲು ತೆರೆಯುವುದಿಲ್ಲ. ಕೊಲೆ ಕೇಸಿನಲ್ಲಿ ಜೀವಾವಧಿ ಆದವರಿಗೆ ಅದಕ್ಕಿಂತ ಮೊದಲು ಸರ್ಕಾರ ಶಿಕ್ಷೆ ಮಾಫಿ ಮಾಡಿ ಬಿಡುವಂತಿಲ್ಲ ಎಂದಷ್ಟೇ ಕಾನೂನು ಹೇಳುತ್ತದೆ. ಹಿಂದೆ ಇದು ದಂಡ ಪ್ರಕ್ರಿಯಾ ಸಂಹಿತೆ, ಅಂದರೆ ಸಿಆರ್‌ಪಿಸಿಯ 433ಎ ಆಗಿತ್ತು. 2024ರ ಜುಲೈನಿಂದ ಅದರ ಬದಲು ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 475ನೇ ಕಲಂ. ಬಿಡುವ ಅಧಿಕಾರ ಸರ್ಕಾರದ್ದು. ಸರ್ಕಾರ ಸರಿಯಾಗಿ ಯೋಚಿಸಿ ತೀರ್ಮಾನಿಸಿತೇ ಎಂದು ನೋಡುವುದು ಕೋರ್ಟಿನ ಕೆಲಸ. ಹಾಗಾಗಿ ಸರ್ಕಾರದ ಕಾರಣ ಕಾಗದದ ಮೇಲೆ ನಿಮ್ಮ ಕೈಗೆ ಬರಬೇಕು. ಅದಿಲ್ಲದೆ ಹೈಕೋರ್ಟಿಗೆ ಓಡಬೇಡಿ.

ಮೊದಲು ದಿನಗಳ ಲೆಕ್ಕ ಮಾಡಿ. ವಿಚಾರಣೆ ನಡೆಯುವಾಗ ಒಳಗಿದ್ದ ದಿನಗಳು ಸೇರುತ್ತವೆ. ಒಳ್ಳೆಯ ನಡತೆಗೆ ಸಿಕ್ಕ ಮಾಫಿಯ ದಿನಗಳು ಈ 14ಕ್ಕೆ ಸೇರುವುದಿಲ್ಲ. ಪೆರೋಲ್ ಮೇಲೆ ಊರಿಗೆ ಬಂದಿದ್ದ ದಿನಗಳನ್ನೂ ಕಳೆಯಬೇಕು, 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹಾಗೆಂದಿದೆ. ತಂಗಿಯ ಮದುವೆಗೆ, ಅಪ್ಪನ ತಿಥಿಗೆ ಬಂದದ್ದು ಮನೆಯವರಿಗೆ ನೆನಪೇ ಇರುವುದಿಲ್ಲ. ಜೈಲಿನ ದಾಖಲೆಯಲ್ಲಿ ಇರುತ್ತದೆ. ತೀರ್ಪಿನ ನಕಲನ್ನೂ ಒಮ್ಮೆ ಓದಿಸಿ. "ಮಾಫಿ ಇಲ್ಲದೆ 20 ವರ್ಷ" ಎಂದೋ "30 ವರ್ಷ" ಎಂದೋ ಮೇಲಿನ ಕೋರ್ಟು ಬರೆದಿದ್ದರೆ ಲೆಕ್ಕವೇ ಬೇರೆ. ಕೇಸು ನಡೆದದ್ದು ಕೊಲ್ಹಾಪುರದಲ್ಲೋ ಸೊಲ್ಲಾಪುರದಲ್ಲೋ ಆಗಿದ್ದರೆ ತೀರ್ಮಾನ ಮಹಾರಾಷ್ಟ್ರ ಸರ್ಕಾರದ್ದು, ಕೈದಿ ಇಲ್ಲಿದ್ದರೂ ಅಷ್ಟೇ.

ನಿಯಮದ ಪ್ರಕಾರ ಅರ್ಹರಾದವರನ್ನು ಅರ್ಜಿ ಇಲ್ಲದೆಯೂ ಸರ್ಕಾರ ಪರಿಗಣಿಸಬೇಕು ಎಂದು 2025ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಆದರೂ ಸುಮ್ನೆ ಕಾಯಬೇಡಿ. ಕೈದಿಯ ಕೈಯಿಂದಲೇ ಜೈಲು ಸೂಪರಿಂಟೆಂಡೆಂಟರಿಗೆ ಅರ್ಜಿ ಕೊಡಿಸಿ, ಸ್ವೀಕೃತಿ ಇಟ್ಟುಕೊಳ್ಳಿ.

ಜಾಸ್ತಿ ಕೇಸುಗಳು ನಿಲ್ಲುವುದು ಸರ್ಕಾರ ತರಿಸಿಕೊಳ್ಳುವ ವರದಿಗಳಲ್ಲಿ. ಶಿಕ್ಷೆ ಕೊಟ್ಟ ಸೆಷನ್ಸ್ ಕೋರ್ಟಿನ ಅಭಿಪ್ರಾಯ ಒಂದು, ಊರಿನ ಠಾಣೆಯದು ಇನ್ನೊಂದು. "ಅಪರಾಧ ಘೋರವಾಗಿದೆ, ಬಿಟ್ಟರೆ ಶಾಂತಿ ಕೆಡುತ್ತದೆ" ಎಂಬ ಎರಡು ಸಾಲಿನಲ್ಲಿ ಒಬ್ಬ ಮನುಷ್ಯನ ಬದುಕು ಸಿಕ್ಕಿಕೊಳ್ಳುತ್ತದೆ. ಇದನ್ನು ನೋಡಿದಾಗಲೆಲ್ಲ ನನಗೆ ಸಂಕಟವಾಗುತ್ತದೆ. ಅಪರಾಧ ಘೋರ ಅಂತಲೇ ಜೀವಾವಧಿ ಕೊಟ್ಟದ್ದು, ಅಲ್ವಾ? ಈಗ ನೋಡಬೇಕಾದ್ದು ಬೇರೆ: ಮತ್ತೆ ತಪ್ಪು ಮಾಡುವ ಸಂಭವ ಇದೆಯೇ, ಒಳಗಿಟ್ಟು ಇನ್ನೇನು ಪ್ರಯೋಜನ, ಮನೆಯ ಸ್ಥಿತಿ ಏನು. ಈ ಅಳತೆಗಳನ್ನು ಸುಪ್ರೀಂ ಕೋರ್ಟ್ 2000ದ ಲಕ್ಷ್ಮಣ ನಸ್ಕರ್ ಪ್ರಕರಣದಲ್ಲಿ ಹಾಕಿಕೊಟ್ಟಿತು. ನ್ಯಾಯಾಧೀಶರ ಅಭಿಪ್ರಾಯ ಇವನ್ನು ನೋಡಿ, ಕಾರಣ ಸಹಿತ ಇರಬೇಕು ಎಂದು 2022ರಲ್ಲಿ ರಾಮಚಂದರ್ ಪ್ರಕರಣದಲ್ಲಿ ಹೇಳಿತು. ಪೊಲೀಸ್ ವರದಿಯನ್ನೋ ನ್ಯಾಯಾಧೀಶರ ಅಭಿಪ್ರಾಯವನ್ನೋ ಮಾತ್ರ ನೆಚ್ಚಿ ತಳ್ಳಿಹಾಕಬಾರದು ಎಂದು 2023ರ ರಾಜೋ ಪ್ರಕರಣದಲ್ಲಿ ತಿಳಿಸಿತು.

ಅದಕ್ಕೇ ಅರ್ಜಿಯ ಜೊತೆ ಆಧಾರ ಕೊಡಿ. ಜೈಲಿನಲ್ಲಿ ಓದಿದ್ದರೆ ಅಂಕಪಟ್ಟಿ, ಕೆಲಸ ಕಲಿತಿದ್ದರೆ ಪ್ರಮಾಣಪತ್ರ, ಪೆರೋಲ್ ಮುಗಿದು ಸರಿಯಾದ ದಿನಕ್ಕೆ ಮರಳಿದ ದಾಖಲೆ, ಬಂದರೆ ಎಲ್ಲಿರುತ್ತಾನೆ, ಯಾವ ಕೆಲಸ ಎಂಬ ಪತ್ರ. ಸತ್ತವರ ಮನೆಯವರ ಹತ್ತಿರ ಒಪ್ಪಿಗೆಯ ಸಹಿ ಕೇಳಲು ಹೋಗಲೇಬೇಡಿ. ಅವರ ನೋವು ಇನ್ನೂ ಹಸಿಯಾಗಿರುತ್ತದೆ, ಒತ್ತಾಯ ಮಾಡಿದರೆ ನಿಮ್ಮ ಅರ್ಜಿಗೂ ಪೆಟ್ಟು.

ಅರ್ಜಿ ತಿರಸ್ಕರಿಸಿದ ಹಿಂಬರಹ (ಲಿಖಿತ ಉತ್ತರ) ಬಂದರೆ ನಕಲು ಕೇಳಿ ಪಡೆಯಿರಿ. ಅದನ್ನು ಪ್ರಶ್ನಿಸುವ ಹಕ್ಕಿದೆ ಎಂದು ಕೈದಿಗೆ ತಿಳಿಸುವುದು ಜೈಲಿನವರ ಕರ್ತವ್ಯ. ಗದಗ, ಹಾವೇರಿಯವರು ಬೆಂಗಳೂರಿಗೆ ಹೋಗಬೇಕಿಲ್ಲ. 2008ರಿಂದ ಧಾರವಾಡದಲ್ಲೇ ಹೈಕೋರ್ಟ್ ಪೀಠ ಇದೆ, ಸರ್ಕಾರದ ಆದೇಶ ಪ್ರಶ್ನಿಸುವ ರಿಟ್ ಅರ್ಜಿ ಅಲ್ಲೇ ಹಾಕಬಹುದು. ಜೈಲಿನಲ್ಲಿರುವವರಿಗೆ ಆದಾಯದ ಮಿತಿ ನೋಡದೆ ಉಚಿತ ವಕೀಲರು ಸಿಗುತ್ತಾರೆ, ಸಹಾಯವಾಣಿ 15100. "ಒಳಗೆ ನಮ್ಮವರಿದ್ದಾರೆ, ಬಿಡಿಸ್ತೀವಿ" ಎನ್ನುವವರಿಗೆ ಒಂದು ರೂಪಾಯಿಯನ್ನೂ ಕೊಡಬೇಡಿ.

ಹೈಕೋರ್ಟ್ ಒಪ್ಪಿದರೂ ಸಾಮಾನ್ಯವಾಗಿ ಆದೇಶ ರದ್ದು ಮಾಡಿ, ಹೊಸದಾಗಿ ಪರಿಗಣಿಸಿ ಎಂದು ಸರ್ಕಾರಕ್ಕೆ ಕಳಿಸುತ್ತದೆ. ಆಗ ವಕೀಲರಿಗೆ ಹೇಳಿ, ಇಷ್ಟು ದಿನದೊಳಗೆ ಎಂದು ಗಡುವು ಬರೆಸಿಕೊಳ್ಳಿ.