ಕಥೆಗೊಂದು ತೂಬು

ನನ್ನ ಕೆಲಸ ಕಂಪ್ಯೂಟರ್ ಸರ್ವರ್ ನೋಡಿಕೊಳ್ಳುವುದು. ಕಥೆ ಬರೆಯುವುದೇನಿದ್ದರೂ ರಾತ್ರಿ ಹತ್ತರ ಮೇಲೆ. ಹೋದ ವರ್ಷ ಕಾಲ ಕದಡಿಹೋಗುವ ಒಂದು ಊರಿನ ಕಥೆ ಶುರು ಮಾಡಿದೆ. ಅಲ್ಲಿ ಸಂಜೆ 4 ಗಂಟೆ 10 ನಿಮಿಷ ಎರಡು ಸಲ ಬರುತ್ತದೆ. ಕೂಗಿದ ಕುಕ್ಕರ್ ಮತ್ತೆ ಕೂಗುತ್ತದೆ. ಬಸ್ಸಿಳಿದವರು ಇನ್ನೊಂದು ಸಲ ಇಳಿಯುತ್ತಾರೆ. ಇದನ್ನು ಹತೋಟಿಗೆ ತರಲು ಕಥೆಗೆ ಒಂದು ಯಂತ್ರ ಬೇಕಿತ್ತು.

ಮೊದಲ ಕರಡಿನಲ್ಲಿ ಅದರ ಹೆಸರು ‘ಕಾಲವಿಕ್ಷೋಭ ನಿಯಂತ್ರಕ’. ಹೆಸರು ಓದಿಯೇ ಅಮ್ಮ ನಕ್ಕುಬಿಟ್ಟರು. ಯಂತ್ರದ ಕೆಲಸವೂ ಅಷ್ಟಕ್ಕಷ್ಟೇ: ಬಟನ್ ಒತ್ತಿದರೆ ಎಲ್ಲ ಸರಿಯಾಗುತ್ತಿತ್ತು. ಅಮ್ಮ ಕನ್ನಡಕ ತೆಗೆದು ಕೇಳಿದರು, “ಜಾಸ್ತಿ ಬಂದ ಆ ನಿಮಿಷ ಎಲ್ಲಿಗೆ ಹೋಯ್ತೋ?”

ನನ್ನ ಹತ್ತಿರ ಉತ್ತರ ಇರಲಿಲ್ಲ. ಒಂದು ವಾರ ಆ ಫೈಲನ್ನೇ ತೆಗೆಯಲಿಲ್ಲ.

ಉತ್ತರದ ಅರ್ಧ ನನ್ನ ಕೆಲಸದಲ್ಲೇ ಇತ್ತು. ಭೂಮಿ ಗಡಿಯಾರದಷ್ಟು ಶಿಸ್ತಾಗಿ ತಿರುಗುವುದಿಲ್ಲ. ಅದಕ್ಕೇ 1972ರಿಂದ ಆಗೊಮ್ಮೆ ಈಗೊಮ್ಮೆ ಲೋಕದ ಸಮಯಕ್ಕೆ ಒಂದು ಸೆಕೆಂಡ್ ಸೇರಿಸುತ್ತಾರೆ. ಇದುವರೆಗೆ 27 ಸಲ ಸೇರಿಸಿದ್ದಾರೆ. 2012ರ ಜುಲೈ 1, ಭಾನುವಾರ, ನಮ್ಮ ಬೆಳಗಿನ ಐದೂವರೆಗೆ ಸರಿಯಾಗಿ ಅಂಥದ್ದೊಂದು ಸೆಕೆಂಡ್ ಬಂತು. ಆವತ್ತು ಡ್ಯೂಟಿ ನನ್ನದು. ಒಂದರ ಹಿಂದೆ ಒಂದು ಸರ್ವರ್ ಬಿಸಿಯಾಗತೊಡಗಿತು. ಕೆಲಸ ಏನೂ ಇಲ್ಲದೆ ಸುಮ್ನೆ ಉಸಿರುಗಟ್ಟಿಕೊಂಡು ಓಡುತ್ತಿದ್ದವು. ಕೊನೆಗೆ ಆಗಿನ ಸಮಯವನ್ನೇ ಮತ್ತೊಮ್ಮೆ ಸೆಟ್ ಮಾಡಿದ್ದಕ್ಕೆ ತಣ್ಣಗಾದವು. ಒಂದೇ ಒಂದು ಸೆಕೆಂಡಿಗೆ ಇಷ್ಟು ಪಾಡು!

ಗೂಗಲ್‌ನವರು ಇದಕ್ಕೆ ಒಂದು ಉಪಾಯ ಮಾಡಿದ್ದಾರೆ. ಆ ಸೆಕೆಂಡನ್ನು ಒಟ್ಟಿಗೆ ಹಾಕುವುದಿಲ್ಲ, 24 ಗಂಟೆಗೆ ತೆಳ್ಳಗೆ ಸವರುತ್ತಾರೆ. ಆ ದಿನ ಪ್ರತಿ ಸೆಕೆಂಡೂ ಸುಮಾರು 11.6 ಮೈಕ್ರೋಸೆಕೆಂಡ್‌ನಷ್ಟು (ಸೆಕೆಂಡನ್ನು ಹತ್ತು ಲಕ್ಷ ಪಾಲು ಮಾಡಿದರೆ ಒಂದು ಪಾಲು ಒಂದು ಮೈಕ್ರೋಸೆಕೆಂಡ್) ಹೆಚ್ಚು ಉದ್ದವಾಗುತ್ತದೆ, ಅಷ್ಟೇ. ಯಾರಿಗೂ ಗೊತ್ತೇ ಆಗುವುದಿಲ್ಲ. ಕದಡಿದ್ದು ಮಾಯವಾಗಲಿಲ್ಲ, ಹಂಚಿಹೋಯಿತು. ನನ್ನ ಯಂತ್ರವೂ ಹೀಗೇ ಇರಬೇಕು ಅನ್ನಿಸಿತು.

ಇನ್ನರ್ಧ ಉತ್ತರ ಸಿಕ್ಕಿದ್ದು ಊರಿನಲ್ಲಿ. ನಮ್ಮದು ಕೋಲಾರದ ಕಡೆ. ತಾತ ನೀರುಗಂಟಿ, ಅಂದರೆ ಕೆರೆ ನೀರನ್ನು ಗದ್ದೆಗಳಿಗೆ ಹಂಚುವವರು. ಕೆರೆಯೊಳಗೆ ತೂಬು, ಅಂದರೆ ನೀರು ಹೊರಗೆ ಬಿಡುವ ಕಿಂಡಿ, ಇತ್ತು. ಎರಡು ಕಲ್ಲುಕಂಬ, ನಡುವೆ ತೂತಿರುವ ಅಡ್ಡಕಲ್ಲು, ಅದರೊಳಗೆ ಇಳಿಬಿಟ್ಟ ಕೋಲು, ಕೋಲಿನ ತುದಿಗೆ ಮರದ ಬಿರಡೆ. ತಾತ ಈಜಿಕೊಂಡು ಹೋಗಿ ಕೋಲು ಹಿಡಿಯುತ್ತಿದ್ದರು. ಒಂದೇ ಸಲಕ್ಕೆ ಎಳೆದದ್ದು ನಾನು ನೋಡಿಲ್ಲ. ಮೊದಲು ಸ್ವಲ್ಪ ಅಲ್ಲಾಡಿಸುತ್ತಿದ್ದರು, ಅಂಗೈಗೆ ಬರುವ ನಡುಕ ನೋಡುತ್ತಿದ್ದರು, ಆಮೇಲೆ ಎರಡು ಬೆರಳಷ್ಟು ಎತ್ತುತ್ತಿದ್ದರು. ಕೆರೆ ತುಂಬಿದರೆ ಹೆಚ್ಚಿನ ನೀರು ಕೋಡಿ ಬಿದ್ದು ಕೆಳಗಿನ ಊರಿನ ಕೆರೆಗೆ ಹೋಗುತ್ತಿತ್ತು. ನಮ್ಮ ಕಡೆ ಕೆರೆಗಳೆಲ್ಲ ಸರಪಳಿ ಹಾಗೆ, ಒಂದರ ಕೆಳಗೆ ಒಂದು.

ಯಂತ್ರದ ಹೆಸರು ಅಲ್ಲೇ ಬದಲಾಯಿತು. ಈಗ ಅದು ಬರೀ ತೂಬು. ನಡೆಸುವವನು ಹೊತ್ತುಗಂಟಿ. ಬಟನ್ ತೆಗೆದುಹಾಕಿ ಒಂದು ಕೋಲು ಕೊಟ್ಟೆ. ಜಾಸ್ತಿ ಬಂದ ನಿಮಿಷವನ್ನು ಅವನು ಎರಡು ಬೆರಳು, ಎರಡು ಬೆರಳು ಅಂತ ಊರೆಲ್ಲಕ್ಕೂ ಬಿಡುತ್ತಾನೆ. ಆ ದಿನ ಹಾಲು ಉಕ್ಕುವುದು ಒಂಚೂರು ತಡ, ಮಕ್ಕಳಿಗೆ ಆಟದ ಪೀರಿಯಡ್ ಒಂಚೂರು ಉದ್ದ. ಅವಸರಪಟ್ಟು ಬಿರಡೆ ಕಿತ್ತರೆ ಕಾಲ ಕೋಡಿ ಬೀಳುತ್ತದೆ. ಕೆಳಗಿನ ಊರಿನಲ್ಲಿ 4 ಗಂಟೆ 10 ನಿಮಿಷ ಮೂರು ಸಲ ಬರುತ್ತದೆ. ಅವರು ದೊಣ್ಣೆ ಹಿಡಿದು ಬರುತ್ತಾರೆ. ಅಲ್ಲಿಗೆ ಕಥೆಯೂ ಸಿಕ್ಕಿತು! ಜಗಳಕ್ಕೆ ಬೇರೆ ವಿಲನ್ ಹುಡುಕುವ ಕೆಲಸವೇ ಉಳಿಯಲಿಲ್ಲ.

ಕ್ವಾಂಟಮ್ ಬಗ್ಗೆ ಬರೆದಿದ್ದ ಎರಡು ಪುಟ ಹರಿದುಹಾಕಿದೆ. ನನಗೇ ಸರಿಯಾಗಿ ಅರ್ಥವಾಗದ್ದನ್ನು ಓದುವವರ ತಲೆಗೆ ಯಾಕೆ ಕಟ್ಟಬೇಕು, ಅಲ್ವಾ? ತೂಬು ಒಳಗೆ ಹೇಗೆ ಕೆಲಸ ಮಾಡುತ್ತದೆ ಅಂತ ಕಥೆಯಲ್ಲಿ ಎಲ್ಲೂ ಹೇಳಿಲ್ಲ. ಕೋಲಿನ ನಡುಕ ಮಾತ್ರ ಇದೆ.

ಎರಡನೇ ಕರಡು ಓದಿ ಅಮ್ಮ ನಗಲಿಲ್ಲ. ಆದರೆ ಇನ್ನೊಂದು ಪ್ರಶ್ನೆ ಹಾಕಿದರು. “ಸುಗ್ಗಿ ಆದ್ಮೇಲೆ ನಿಮ್ಮ ತಾತನಿಗೆ ಎಲ್ಲರೂ ಇಷ್ಟಿಷ್ಟು ಅಂತ ಕಾಳು ಕೊಡೋರು. ನಿನ್ನ ಹೊತ್ತುಗಂಟಿಗೆ ಏನು ಕೊಡ್ತಾರೆ?”

ಅದನ್ನು ಯೋಚಿಸಿಯೇ ಇರಲಿಲ್ಲ. ಕೂತು ಇನ್ನೊಂದು ಪ್ಯಾರಾ ಸೇರಿಸಿದೆ. ಸುಗ್ಗಿ ಮುಗಿದ ಮೇಲೆ ಅವನು ಚೀಲ ಹಿಡಿದು ಮನೆಮನೆಗೆ ಹೋಗುತ್ತಾನೆ. ಒಂದೊಂದು ಮನೆಯವರೂ ಅರ್ಧರ್ಧ ನಿಮಿಷ ಕೊಡುತ್ತಾರೆ. ಕೊನೆಯ ಮನೆಯ ಅಜ್ಜಿ ಮಾತ್ರ ಬಾಗಿಲಲ್ಲೇ ನಿಂತು ಹೇಳುತ್ತಾಳೆ, “ನನ್ನತ್ರ ಉಳಿದಿರೋದೇ ಕಮ್ಮಿ ಕಣಪ್ಪ. ಬೇಕಾದ್ರೆ ಎರಡು ಸೇರು ರಾಗಿ ತಗೊಂಡು ಹೋಗು.”