ಅಕಾಯೇಸು ತೀರ್ಪನ್ನು ಓದುವ ಕ್ರಮ

ರುವಾಂಡಾದ ನರಮೇಧದ ನಂತರದ ನ್ಯಾಯ, ಸಾಮರಸ್ಯ ಇವುಗಳ ಬಗ್ಗೆ ಪ್ರಬಂಧ ಬರೆಯುವವರೆಲ್ಲ ಟಾಬಾ ಕಮ್ಯೂನ್ ಎಂಬ ಸ್ಥಳೀಯ ಆಡಳಿತ ಘಟಕದ ಮೇಯರ್ ಆಗಿದ್ದ ಅಕಾಯೇಸುವಿನ ಪ್ರಕರಣವನ್ನು ಹೆಸರಿಸುತ್ತಾರೆ. ತೀರ್ಪನ್ನೇ ಓದಿದವರು ಕಡಿಮೆ. ಬೇರೆಯವರ ಲೇಖನದಲ್ಲಿ ಕಂಡ 731ನೇ ಪ್ಯಾರಾವನ್ನು ಎತ್ತಿಕೊಂಡು ಮುಂದೆ ಹೋಗುವವರೇ ಹೆಚ್ಚು. ಅತ್ಯಾಚಾರವೂ ನರಮೇಧದ ಕೃತ್ಯವಾಗಬಲ್ಲದು ಎಂದ ಪ್ಯಾರಾ ಅದು. ಅದರ ತೂಕ ಗೊತ್ತಾಗಬೇಕಾದರೆ ಸುತ್ತಲಿನದ್ದನ್ನೂ ಓದಬೇಕು.

ಮೊದಲು ಕಡತಗಳು. ಪ್ರಕರಣದ ಸಂಖ್ಯೆ ಐಸಿಟಿಆರ್-96-4; ಐಸಿಟಿಆರ್ ಎಂದರೆ ರುವಾಂಡಾಕ್ಕಾಗಿ ವಿಶ್ವಸಂಸ್ಥೆ ಟಾಂಜಾನಿಯಾದ ಅರುಷಾದಲ್ಲಿ ನಡೆಸಿದ ಅಂತರರಾಷ್ಟ್ರೀಯ ಅಪರಾಧ ನ್ಯಾಯಮಂಡಳಿ. ಕೊನೆಯಲ್ಲಿ ‘ಟಿ’ ಇದ್ದರೆ ವಿಚಾರಣಾ ಪೀಠದ್ದು, ‘ಎ’ ಇದ್ದರೆ ಮೇಲ್ಮನವಿ ಪೀಠದ್ದು. ನಾಲ್ಕು ದಾಖಲೆಗಳು ಬೇಕು: 1997ರ ಜೂನ್‌ನಲ್ಲಿ ತಿದ್ದುಪಡಿಯಾದ ಆರೋಪಪಟ್ಟಿ, 1998ರ ಸೆಪ್ಟೆಂಬರ್ 2ರ ತೀರ್ಪು, ಅದೇ ವರ್ಷ ಅಕ್ಟೋಬರ್ 2ರ ಶಿಕ್ಷೆಯ ಆದೇಶ, 2001ರ ಜೂನ್ 1ರ ಮೇಲ್ಮನವಿ ತೀರ್ಪು. ಅರುಷಾದ ನ್ಯಾಯಮಂಡಳಿ 2015ರಲ್ಲಿ ಮುಚ್ಚಿದರೂ, ಉಳಿದ ಕೆಲಸ ನೋಡಿಕೊಳ್ಳುವ ವಿಶ್ವಸಂಸ್ಥೆಯ ಸಂಸ್ಥೆಯ ಜಾಲತಾಣದಲ್ಲಿ ಇವೆಲ್ಲ ಪುಕ್ಕಟೆ ಸಿಗುತ್ತವೆ.

ಓದನ್ನು ಕೊನೆಯಿಂದ ಶುರುಮಾಡಿ. ಕಡೆಯ ಭಾಗದಲ್ಲಿ 15 ಆರೋಪಗಳ ಫಲಿತಾಂಶವಿದೆ: 9ರಲ್ಲಿ ದೋಷಿ, 6ರಲ್ಲಿ ಖುಲಾಸೆ. ಇದನ್ನು ಒಂದು ಹಾಳೆಯಲ್ಲಿ ಬರೆದಿಟ್ಟುಕೊಂಡು ಎದುರಿಗಿರಿಸಿಕೊಳ್ಳಿ. ಆಮೇಲೆ ಆರೋಪಪಟ್ಟಿ, ಅದಾದ ಮೇಲೆ ವಾಸ್ತವಾಂಶಗಳ ಭಾಗ, ಆಮೇಲಷ್ಟೇ ಕಾನೂನಿನ ಭಾಗ. ಮೊದಲ ಪುಟದಿಂದ ಹೊರಟವರು ರುವಾಂಡಾದ ಇತಿಹಾಸದ ಅಧ್ಯಾಯದಲ್ಲೇ ದಣಿಯುತ್ತಾರೆ. ಆ ಅಧ್ಯಾಯವನ್ನು ಇತಿಹಾಸದ ಆಧಾರವಾಗಿ ಉಲ್ಲೇಖಿಸುವುದೂ ಬೇಡ; ನ್ಯಾಯಾಧೀಶರು ತಮ್ಮ ಮುಂದಿದ್ದ ಒಬ್ಬ ಆರೋಪಿಗೆ ಬೇಕಾದಷ್ಟು ಹಿನ್ನೆಲೆ ಬರೆದುಕೊಂಡಿದ್ದಾರೆ, ಅಷ್ಟೇ.

ಓದುತ್ತಾ ಐದು ಕಾಲಮ್ಮಿನ ಕೋಷ್ಟಕ ಮಾಡಿ: ಆರೋಪದ ಸಂಖ್ಯೆ, ಕೃತ್ಯ, ಸಾಕ್ಷಿಯ ಗುಪ್ತನಾಮ, ಪೀಠ ನಂಬಿತೇ ಇಲ್ಲವೇ, ಯಾವ ಕಾನೂನಿನಡಿ ಏನಾಯಿತು. ಟಾಬಾ ಕಮ್ಯೂನ್ ಕಚೇರಿಯ ಸುತ್ತ ನಡೆದ ಅತ್ಯಾಚಾರಗಳ ಸಾಲನ್ನು ತುಂಬಿ ನೋಡಿ. ಮೂಲ ಆರೋಪಪಟ್ಟಿಯಲ್ಲಿ ಇವು ಇರಲೇ ಇಲ್ಲ. ವಿಚಾರಣೆಯ ನಡುವೆ ಸಾಕ್ಷಿ ‘ಜೆ’ ತನ್ನ ಆರು ವರ್ಷದ ಮಗಳ ಮೇಲಾದ ಅತ್ಯಾಚಾರದ ಮಾತೆತ್ತಿದ ನಂತರವೇ ಪಟ್ಟಿ ತಿದ್ದುಪಡಿಯಾಗಿ 13, 14, 15ನೇ ಆರೋಪಗಳು ಸೇರಿದವು. 13ರಲ್ಲಿ, ಅಂದರೆ ಮಾನವೀಯತೆಯ ವಿರುದ್ಧದ ಅಪರಾಧವೆಂದು, ಆತ ದೋಷಿ. ಹೆಚ್ಚುಕಡಿಮೆ ಅದೇ ಕೃತ್ಯಗಳಿಗೆ ಜಿನೀವಾ ಒಪ್ಪಂದಗಳ ಸಾಮಾನ್ಯ 3ನೇ ವಿಧಿಯಡಿ (ಆಂತರಿಕ ಯುದ್ಧಕ್ಕೆ ಅನ್ವಯಿಸುವ, ನಾಲ್ಕೂ ಒಪ್ಪಂದಗಳಲ್ಲಿರುವ ವಿಧಿ) ಹಾಕಿದ 15ರಲ್ಲಿ ಖುಲಾಸೆ. ಘಟನೆ ಸಾಬೀತಾಗಲಿಲ್ಲ ಎಂದಲ್ಲ. ಮೇಯರ್ ಆಗಿದ್ದವನಿಗೆ ಯುದ್ಧದಲ್ಲಿ ತೊಡಗಿದ್ದ ಪಕ್ಷದೊಂದಿಗೆ ಬೇಕಾದ ನಂಟು ಸಾಬೀತಾಗಲಿಲ್ಲ ಎಂದು. ‘ಖುಲಾಸೆ’ ಕಂಡ ಕೂಡಲೇ ‘ಘಟನೆ ನಡೆದಿಲ್ಲ’ ಎಂದು ಬರೆದುಬಿಡುವ ತಪ್ಪು ಈ ಕೋಷ್ಟಕವಿದ್ದರೆ ಆಗುವುದಿಲ್ಲ.

ಇನ್ನೂ ದೊಡ್ಡ ತಪ್ಪು, ಮೇಲ್ಮನವಿ ತೀರ್ಪನ್ನು ತೆರೆಯದೇ ಇರುವುದು. ಶಿಕ್ಷೆ ಎತ್ತಿಹಿಡಿದರಂತೆ, ಇನ್ನೇನಿದೆ ಎಂದುಕೊಳ್ಳುತ್ತಾರೆ. ಇರುವುದು ಅಲ್ಲೇ. ಮೇಲೆ ಹೇಳಿದ ‘ವಿಶೇಷ ನಂಟು’ ಕಾನೂನಿನಲ್ಲಿ ಅಗತ್ಯವೇ ಇಲ್ಲ, ವಿಚಾರಣಾ ಪೀಠ ತಪ್ಪು ಮಾಡಿದೆ ಎಂದು ಮೇಲಿನ ಪೀಠ ಹೇಳಿತು. ಆದರೆ ಪ್ರಾಸಿಕ್ಯೂಷನ್ ಕೇಳಿದ್ದು ಕಾನೂನಿನ ಸ್ಪಷ್ಟನೆ ಮಾತ್ರ, ಹಾಗಾಗಿ ಖುಲಾಸೆ ಹಾಗೆಯೇ ಉಳಿಯಿತು. 1998ರ ಮಾತನ್ನೇ ಇವತ್ತಿನ ಕಾನೂನೆಂದು ಬರೆದರೆ ಪರೀಕ್ಷಕರು ಮೊದಲು ಕೆಂಪು ಗೆರೆ ಎಳೆಯುವುದು ಅಲ್ಲಿಗೇ. ಅತ್ಯಾಚಾರದ ವ್ಯಾಖ್ಯೆಯೂ ಹಾಗೆಯೇ: ಈ ಪೀಠ ಬಲವಂತದ ಸನ್ನಿವೇಶಕ್ಕೆ ಒತ್ತುಕೊಟ್ಟಿತ್ತು, 2001ರ ಕುನಾರಾಚ್ ತೀರ್ಪಿನಲ್ಲಿ ಯುಗೊಸ್ಲಾವಿಯಾ ನ್ಯಾಯಮಂಡಳಿ ಸಮ್ಮತಿಯ ಅಭಾವದ ಕಡೆ ವಾಲಿತು.

ವಾಸ್ತವಾಂಶಗಳ ಭಾಗದಲ್ಲಿ ದಿನಾಂಕಗಳ ಮೇಲೆ ಕಣ್ಣಿಡಿ. 1994ರ ಏಪ್ರಿಲ್ 18ರವರೆಗೆ ಅಕಾಯೇಸು ಹತ್ಯೆಗಳನ್ನು ತಡೆಯಲು ನೋಡಿದ್ದ ಎಂದು ಪೀಠವೇ ಒಪ್ಪಿದೆ. ಆ ದಿನ ಮಧ್ಯಂತರ ಸರ್ಕಾರ ಮೇಯರ್‌ಗಳ ಸಭೆ ಕರೆಯಿತು. ಮರುದಿನವೇ ಆತ ಟಾಬಾದ ಗಿಷ್ಯೇಶ್ಯೆಯ ಜನರ ಮುಂದೆ ಮಾಡಿದ ಭಾಷಣ ಪ್ರಚೋದನೆಯ ಆರೋಪಕ್ಕೆ ಆಧಾರವಾಯಿತು. ಸ್ಥಳೀಯ ಅಧಿಕಾರಿಗಳು ಹೇಗೆ ಮಗುಚಿದರು ಎಂದು ಕೇಳುವ ಅಧ್ಯಯನಕ್ಕೆ 731ನೇ ಪ್ಯಾರಾಕ್ಕಿಂತ ಈ ಎರಡು ದಿನಗಳೇ ಹೆಚ್ಚು ಬೆಲೆಯವು.

ಸಾಮರಸ್ಯ ಬಂತೋ ಇಲ್ಲವೋ ಎಂಬ ಪ್ರಶ್ನೆಯನ್ನು ಮಾತ್ರ ಈ ತೀರ್ಪಿಗೆ ಹಾಕಬೇಡಿ. ಈ ನ್ಯಾಯಮಂಡಳಿಯನ್ನು ಸ್ಥಾಪಿಸಿದ ಭದ್ರತಾ ಮಂಡಳಿಯ 955ನೇ ನಿರ್ಣಯದಲ್ಲಿ ಆ ಪದ ಇದೆ, ನಿಜ. ಆದರೆ ತೀರ್ಪು ಅಳೆದದ್ದು ಒಬ್ಬನ ಅಪರಾಧವನ್ನು. ಆ ಪ್ರಶ್ನೆಗೆ 2002ರಿಂದ 2012ರವರೆಗೆ ನಡೆದ ಗಚಾಚಾ ಊರ ನ್ಯಾಯಾಲಯಗಳ ಮೇಲಿನ ಕ್ಷೇತ್ರ ಅಧ್ಯಯನಗಳನ್ನು ಬೇರೆ ಕಡತದಲ್ಲಿ ಓದಿ, ಮತ್ತು ಯಾರು ವಿಚಾರಣೆಗೆ ಬರಲಿಲ್ಲ ಎಂಬುದನ್ನೂ ಬರೆದಿಡಿ: ಅರುಷಾದಲ್ಲಿ, ಯುದ್ಧ ಗೆದ್ದು ಅಧಿಕಾರಕ್ಕೆ ಬಂದ ಆರ್‌ಪಿಎಫ್‌ನ (ರುವಾಂಡಾ ದೇಶಭಕ್ತ ರಂಗದ) ಒಬ್ಬರ ಮೇಲೂ ಆರೋಪ ಹೊರಿಸಲಿಲ್ಲ. ಇದನ್ನು ಬಿಟ್ಟ ಪ್ರಬಂಧ ಅರ್ಧ ಪ್ರಬಂಧ.

ಉಲ್ಲೇಖಿಸುವಾಗ ಪುಟಸಂಖ್ಯೆ ಬೇಡ, ಪ್ಯಾರಾ ಸಂಖ್ಯೆಯನ್ನೇ ಕೊಡಿ. ಪ್ರತಿಯಿಂದ ಪ್ರತಿಗೆ ಪುಟಗಳು ಬದಲಾಗುತ್ತವೆ. ಸಾಕ್ಷಿಗಳನ್ನು ತೀರ್ಪಿನಲ್ಲಿರುವ ಅಕ್ಷರದಿಂದಲೇ ಕರೆಯಿರಿ. ಅವರ ನಿಜ ಹೆಸರು ಬೇರೆಲ್ಲೋ ಸಿಕ್ಕಿತೆಂದು ಟಿಪ್ಪಣಿಯಲ್ಲಿ ಹಾಕಬೇಡಿ, ರಕ್ಷಣೆಯ ಆದೇಶಗಳಿವೆ.