ಜಗಲಿಯಲ್ಲಿ ಕೂತು ಮರ ನೋಡುವುದು: ನನ್ನ ಅನುಭವ

ವಿಶ್ರಾಂತಿಗೆಂದು ಮರ ನೋಡುತ್ತ ಕೂರಲು ಮೊದಲ ಕೆಲಸ ಕುರ್ಚಿಗೆ ಜಾಗ ಹುಡುಕುವುದು. ಚಿಕ್ಕಮಗಳೂರಿನ ತೋಟದ ಮನೆಗಳಲ್ಲಿ ಜಗಲಿಯ ಎದುರಿಗೆ ಸಾಮಾನ್ಯವಾಗಿ ಸಿಲ್ವರ್ ಓಕ್ ಮರಗಳ ಸಾಲು. ನೆಟ್ಟಗಿನ ಕಾಂಡಗಳು ಕಂಬ ಎಣಿಸಿದಂತಾಗಿ ನನಗೆ ಒಗ್ಗಲಿಲ್ಲ. ಒಗ್ಗಿದ್ದು ಎಲೆ ಉದುರಿಸಿದ ಹಾಲುವಾಣದ ಮರ. ಕೊಂಬೆಯಿಂದ ಕವಲು, ಕವಲಿನಿಂದ ಕಡ್ಡಿ, ಒಂದೇ ಆಕಾರ ಸಣ್ಣದಾಗುತ್ತ ಹೋಗುತ್ತದೆ. ಗಣಿತಜ್ಞ ಮ್ಯಾಂಡೆಲ್‌ಬ್ರಾಟ್ 1975ರಲ್ಲಿ ಫ್ರ್ಯಾಕ್ಟಲ್ ಎಂದು ಹೆಸರಿಟ್ಟದ್ದು ಇಂಥ ಆಕಾರಗಳಿಗೇ.

ಯಾವ ಮರವಾದರೂ ಆಗುವುದಿಲ್ಲ, ಅಳೆದು ಆರಿಸಬೇಕು. ಮೋಡದ ದಿನ, ಹಿಂದೆ ಬರೀ ಆಕಾಶ ಬರುವಂತೆ ಫೋಟೊ ತೆಗೆದು ಎ4 ಹಾಳೆಗೆ ಕಪ್ಪು-ಬಿಳುಪು ಪ್ರಿಂಟ್ ಹಾಕಿಸಿ. 2 ಸೆಂ.ಮೀ. ಚೌಕಗಳನ್ನು ಎಳೆದು, ಕೊಂಬೆ ತಾಗಿದ ಚೌಕಗಳನ್ನು ಎಣಿಸಿ. ಆಮೇಲೆ 1 ಸೆಂ.ಮೀ. ಚೌಕ ಮಾಡಿ ಮತ್ತೆ ಎಣಿಸಿ. ಎರಡನೆಯ ಲೆಕ್ಕವನ್ನು ಮೊದಲನೆಯದರಿಂದ ಭಾಗಿಸಿ. 2 ಬಂದರೆ ಬರೀ ಗೆರೆ. 4 ಬಂದರೆ ತುಂಬಿದ ಗೋಡೆ. 2.5ರಿಂದ 2.8 ಬಂದರೆ ಫ್ರ್ಯಾಕ್ಟಲ್ ಆಯಾಮ (ಆಕಾರ ಎಷ್ಟು ದಟ್ಟವಾಗಿ ಜಾಗ ತುಂಬುತ್ತದೆ ಎಂಬ ಅಳತೆ) ಸುಮಾರು 1.3ರಿಂದ 1.5, ಅದೇ ಬೇಕಾದದ್ದು. ಚೌಕಗಳ ಗೆರೆ ಸ್ವಲ್ಪ ಸರಿದರೂ ಲೆಕ್ಕ ಬದಲಾಗುತ್ತದೆ, ಹಾಗಾಗಿ ಮೂರು ಸಲ ಎಣಿಸಿ ಸರಾಸರಿ ತೆಗೆಯಬೇಕು. ಒರೆಗಾನ್ ವಿಶ್ವವಿದ್ಯಾಲಯದ ಭೌತವಿಜ್ಞಾನಿ ರಿಚರ್ಡ್ ಟೇಲರ್ ಮತ್ತು ಸಂಗಡಿಗರ ಪ್ರಯೋಗಗಳಲ್ಲಿ ಹೆಚ್ಚು ಜನರಿಗೆ ಹಿತವೆನಿಸಿದ್ದು ಈ ನಡುವಣ ದಟ್ಟಣೆ. ನಮ್ಮ ಕಣ್ಣು ಹುಡುಕಾಡುವ ದಾರಿಯೂ ದೊಡ್ಡ ಜಿಗಿತ, ನಡುವೆ ಸಣ್ಣ ಜಿಗಿತ ಎಂಬ ಇದೇ ಬಗೆಯದು. ಅದಕ್ಕೇ ಶ್ರಮವಿಲ್ಲದೆ ನೋಡಬಹುದು ಎಂಬುದು ಅವರ ವಿವರಣೆ.

ಮರ 6 ಮೀಟರಿಗಿಂತ ದೂರವಿರಲಿ, ಕಣ್ಣಿನ ಒಳಸ್ನಾಯು ಸಡಿಲಾಗುತ್ತದೆ. ಕಾಫಿ ಕುಡಿದ ಕೂಡಲೇ ಕೂರಬೇಡಿ. ಐದು ನಿಮಿಷ ಸುಮ್ಮನೆ ಕೂತು, ಪೂರ್ತಿ ಒಂದು ನಿಮಿಷ ನಾಡಿ ಎಣಿಸಿ ಬರೆದಿಡಿ. ಬುಡದಿಂದ ತುದಿಯವರೆಗೆ ಒಮ್ಮೆ ನೋಟ ಹರಿಸಿ, ನಂತರ ಕಣ್ಣನ್ನು ಅದರ ಪಾಡಿಗೆ ಬಿಡಿ. ಹತ್ತು ನಿಮಿಷದ ಮೇಲೆ ಮತ್ತೆ ನಾಡಿ ನೋಡಿ. ಕೊಂಬೆ ಎಣಿಸಲು ಹೊರಟರೆ, ಹಕ್ಕಿ ಯಾವುದೆಂದು ತಲೆ ಕೆಡಿಸಿಕೊಂಡರೆ ವಿಶ್ರಾಂತಿ ಅಲ್ಲಿಗೆ ಮುಗಿಯಿತು. ಬೇಲೂರಿನ ದೇವಸ್ಥಾನದ ಗೋಡೆಗಳನ್ನು ಇದಕ್ಕೆ ಬಳಸಬಾರದೆನ್ನುವುದೂ ಇದರಿಂದಲೇ. ಅಲ್ಲಿ ಪ್ರತಿ ಮೂರ್ತಿಯೂ ಕಥೆ ಹೇಳುತ್ತದೆ. ಅದು ಬೇರೆಯೇ ನೋಟ.

ಹೆಚ್ಚಿನವರು ಎಡವುವುದು ಲೆಕ್ಕದಲ್ಲಿ. ಬರೀ ಕೂತರೂ ನಾಡಿ ಇಳಿಯುತ್ತದೆ. ಅದಕ್ಕೇ ದಿನ ಬಿಟ್ಟು ದಿನ ಖಾಲಿ ಗೋಡೆಯ ಎದುರು ಅಷ್ಟೇ ಹೊತ್ತು ಕೂರಬೇಕು. ಎರಡು ವಾರ, ಏಳು ದಿನ ಮರ, ಏಳು ದಿನ ಗೋಡೆ. ಗೋಡೆಯ ದಿನಗಳ ಸರಾಸರಿ ಇಳಿಕೆಯನ್ನು ಕಳೆದ ಮೇಲೆ ಉಳಿದದ್ದಷ್ಟೇ ಮರದ ಪಾಲು. ಒಂದೆರಡು ಬಡಿತದ ವ್ಯತ್ಯಾಸಕ್ಕೆ ಹಿಗ್ಗಬೇಡಿ.

ಮರಗಸಿ (ತೋಟದ ನೆರಳಿನ ಮರಗಳ ಕೊಂಬೆ ಸವರುವುದು) ಆದ ಮೇಲೆ ಕಡ್ಡಿಗಳೆಲ್ಲ ಹೋಗಿ ಮೊಂಡು ಕೊಂಬೆ ಉಳಿಯುತ್ತದೆ. ಆಗ ಬೇರೆ ಮರ ಅಳೆಯಬೇಕು. ಮಳೆಗಾಲದಲ್ಲಿ ತೋಟದೊಳಗೆ ನಿಂತರೆ ಉಂಬಳ (ಜಿಗಣೆ) ಬಿಡುವುದಿಲ್ಲ, ಕಿಟಕಿಯ ಒಳಗೇ ಕೂರಿ. ಗಾಜು ಅಡ್ಡಿಯಲ್ಲ: ಅಮೆರಿಕದ ಸಂಶೋಧಕ ರೋಜರ್ ಉಲ್ರಿಚ್ 1984ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಪಿತ್ತಕೋಶದ ಶಸ್ತ್ರಚಿಕಿತ್ಸೆಯಾದ ರೋಗಿಗಳ ಪೈಕಿ ಕಿಟಕಿಯಿಂದ ಮರ ಕಾಣುತ್ತಿದ್ದ 23 ಮಂದಿ, ಇಟ್ಟಿಗೆ ಗೋಡೆ ಕಾಣುತ್ತಿದ್ದ 23 ಮಂದಿಗಿಂತ ಬೇಗ ಮನೆಗೆ ಹೋದರು, ಬಲವಾದ ನೋವಿನ ಔಷಧಿಯೂ ಅವರಿಗೆ ಕಡಿಮೆ ಸಾಕಾಯಿತು. ಮಂಜು ಮುಚ್ಚಿ ಮರವೇ ಕಾಣದ ದಿನ ಕುಂಡದ ಜರಿಗಿಡ ಇಟ್ಟುಕೊಳ್ಳುತ್ತೇನೆ. ಗರಿಯೊಳಗೆ ಗರಿ ಅದರಲ್ಲೂ ಇದೆ. ಹತ್ತಿರವಿರುವುದರಿಂದ ಕಣ್ಣಿನ ಸ್ನಾಯುವಿಗೆ ಮಾತ್ರ ಬಿಡುವು ಸಿಗುವುದಿಲ್ಲ.